ಗಳಿಗೆರಸ ಕೊನೆಗೂ ಕಪ್ಪಾಯಿತು

'ಬಣ್ಣದ ನೀರು ಇಡಿ, ಕೆಳಗೊಂದು ನೀಲಿ ಬಲ್ಬು ಹಾಕಿ, ಮುಗೀತು.' ನಮ್ಮ ನಾಟಕದಲ್ಲಿ ತಾನಾಗಿಯೇ ಕಪ್ಪಾಗಬೇಕಾದ ಗಳಿಗೆರಸ ಎಂಬ ದ್ರವದ ಮಾತು ಬಂದಾಗ ತಂಡದಲ್ಲಿ ಎಲ್ಲರೂ ಹೇಳಿದ್ದು ಇದನ್ನೇ. ಈಗ ಅದೇ ಮಂದಿ ಬೇರೆ ತಂಡದವರಿಗೆ ನನ್ನನ್ನು ತೋರಿಸಿ 'ಇವರೇ ಕಣ್ರೀ ಮಾಡಿದ್ದು' ಅನ್ನುತ್ತಾರೆ. ಕೇಳಿದವರಿಗೆಲ್ಲ ಬಾಯಲ್ಲಿ ಹೇಳಿ ಸಾಕಾಯಿತು, ಅದಕ್ಕೆ ಬರೆದಿಡುತ್ತಿದ್ದೇನೆ.

ನಾಟಕ ನಾವೇ ಕಟ್ಟಿದ್ದು. ಆ ಲೋಕದಲ್ಲಿ ಗಡಿಯಾರ ಇಲ್ಲ. ಕಾಲ ಅಲ್ಲಿ ಬಾವಿಯಲ್ಲಿ ಜಿನುಗುತ್ತದೆ. ಮಗು ಹುಟ್ಟಿದರೆ ಒಂದು ಜಾಡಿ ಗಳಿಗೆರಸ ಅಳೆದು ಕೊಡುತ್ತಾರೆ. ರಸ ತಿಳಿಯಾಗಿರುವ ತನಕ ಆಯಸ್ಸು, ಕಪ್ಪಾದರೆ ಮುಗಿಯಿತು. ಕೊನೆಯ ದೃಶ್ಯದಲ್ಲಿ ರಾಜನ ಪಾಲಿನ ರಸವನ್ನು ಎರಡು ಚೊಂಬಿನಿಂದ ಜಾಡಿಗೆ ಸುರಿಯುತ್ತಾರೆ. ರಾಜ ಒಂದೂವರೆ ನಿಮಿಷ ಮಾತಾಡುತ್ತಾನೆ. ಮಾತು ನಿಂತಾಗ ರಸ ದೀಪ ಆರಿಸಿದ ಹಾಗೆ ಕಪ್ಪಾಗಬೇಕು. ನಿಧಾನಕ್ಕೆ ಬಣ್ಣ ಏರಿದರೆ ಆಗಲ್ಲ. (ಸೆಟ್ ಬರೆದವನು ಮೈಸೂರಿನವನಲ್ವಾ, ಅಲ್ಲಿನ ದೊಡ್ಡ ಗಡಿಯಾರ ಗೋಪುರದ ಹಾಗೆ ಕನ್ನಡ ಅಂಕಿಯ ಚಕ್ರ ಬರೆದುಬಿಟ್ಟಿದ್ದ. ಗಡಿಯಾರವೇ ಇಲ್ಲದ ಲೋಕದಲ್ಲಿ! ಅಳಿಸಿದೆವು.)

ಮೊದಲು ಹಳೆಯ ಗಳಿಗೆ ಬಟ್ಟಲಿನ ದಾರಿ ಹಿಡಿದೆ. ತಳದಲ್ಲಿ ತೂತಿರುವ ಬಟ್ಟಲು ನೀರಿನ ಮೇಲೆ ತೇಲಿ, 24 ನಿಮಿಷಕ್ಕೆ ಮುಳುಗಿದರೆ ಒಂದು ಗಳಿಗೆ. ತೆಂಗಿನ ಕರಟಕ್ಕೆ ತೂತು ಕೊರೆದು ನೋಡಿದೆ. ಚೆನ್ನಾಗಿಯೇ ಮುಳುಗಿತು. ಆದರೆ ಐದನೇ ಸಾಲಿನಿಂದ ಆಚೆ ಯಾರಿಗೂ ಕಾಣಲಿಲ್ಲ. ಆಮೇಲೆ ಕತ್ತಲಲ್ಲಿ ಹೊಳೆಯುವ ಪುಡಿ ತರಿಸಿದೆ. ಸಾವಿರದ ಇನ್ನೂರೋ ಏನೋ ಹೋಯಿತು. ಅದು ನೀರಲ್ಲಿ ಕರಗದೆ ತಳ ಸೇರಿ ಕೂತಿತು.

ಕೊನೆಗೆ ನೆನಪಾಗಿದ್ದು ಕಾಲೇಜಿನ ಲ್ಯಾಬಿನ ಅಯೋಡಿನ್ ಗಡಿಯಾರ, ಎರಡು ದ್ರಾವಣ ಬೆರೆಸಿ ಸ್ವಲ್ಪ ಹೊತ್ತಾದ ಮೇಲೆ ಥಟ್ಟನೆ ಬಣ್ಣ ಬರುವ ಪ್ರಯೋಗ. ಬೇಕಾದ್ದೆಲ್ಲ ಮೆಡಿಕಲ್ ಶಾಪಿನಲ್ಲೇ ಸಿಗುತ್ತದೆ: ಟಿಂಚರ್ ಅಯೋಡಿನ್, ಹೈಡ್ರೋಜನ್ ಪೆರಾಕ್ಸೈಡ್, ವಿಟಮಿನ್ ಸಿ. ಗಂಜಿ ಮನೆಯದ್ದು. ಒಂದು ಚೊಂಬಿನಲ್ಲಿ ಟಿಂಚರಿಗೆ ವಿಟಮಿನ್ ಸಿ ಹಾಕಿದರೆ ಕಂದು ಬಣ್ಣ ಹೋಗಿ ತಿಳಿ. ಇನ್ನೊಂದರಲ್ಲಿ ಪೆರಾಕ್ಸೈಡ್ ಮತ್ತು ಗಂಜಿ. ಎರಡೂ ಸೇರಿದ ಮೇಲೆ ಪೆರಾಕ್ಸೈಡ್ ಅಯೋಡಿನ್ನನ್ನು ಮರಳಿ ತರುತ್ತದೆ, ವಿಟಮಿನ್ ಸಿ ಅದನ್ನು ಅಳಿಸುತ್ತಲೇ ಇರುತ್ತದೆ; ವಿಟಮಿನ್ ಸಿ ಖಾಲಿಯಾಗುವ ತನಕ ಏನೂ ಕಾಣಲ್ಲ. ಖಾಲಿಯಾದ ಕ್ಷಣ ಅಯೋಡಿನ್ ಗಂಜಿಗೆ ಸೇರಿ ಇಡೀ ಜಾಡಿ ಕಡುನೀಲಿ, ದೂರದಿಂದ ನೋಡಿದರೆ ಕಪ್ಪೇ. ಲೈಟಿನವನು ಮಾತ್ರ ಕೊನೆ ತನಕ 'ಗುರೂ, ಲ್ಯಾಬಲ್ಲಿ ಆಗತ್ತೆ, ಸ್ಟೇಜಲ್ಲಿ ಕೈ ಕೊಡತ್ತೆ ನೋಡ್ತಿರು' ಅನ್ನುತ್ತಲೇ ಇದ್ದ.

ಕೈ ಕೊಟ್ಟಿದ್ದೂ ಹೌದು. ವಿಟಮಿನ್ ಸಿಯ ಚಪ್ಪರಿಸುವ ಕಿತ್ತಳೆ ಮಾತ್ರೆ ಅರೆದು ಹಾಕಿದಾಗ ಗಳಿಗೆರಸ ಶರಬತ್ತಿನ ಬಣ್ಣಕ್ಕೆ ಬಂತು. ಶುದ್ಧ ಆಸ್ಕಾರ್ಬಿಕ್ ಆಮ್ಲದ (ಅಂದರೆ ಬರೀ ವಿಟಮಿನ್ ಸಿ) ಪುಡಿಯೇ ಬೇಕು. ಅನ್ನದ ಗಂಜಿ ಮೊದಲಿಂದಲೇ ಹಾಲಿನಂತೆ ಕದಡಿತ್ತು. ಮಂಡ್ಯದವನು ನಾನು, ರಾಗಿ ಬಿಡ್ತೀನಾ? ಅದನ್ನೂ ನೋಡಿದೆ. ಕೆರೆ ನೀರಾಯಿತು. ಆಲೂಗಡ್ಡೆ ತುರಿದು, ಹಿಂಡಿ, ತಳ ಕೂತ ಬಿಳಿ ಹಿಟ್ಟನ್ನು ನೀರಲ್ಲಿ ತೆಳ್ಳಗೆ ಕಾಯಿಸಿದರೆ ಅದೇ ಸರಿ. ಎರಡು ದಿನ ಇಟ್ಟರೆ ನಾರುತ್ತದೆ, ಆಯಾ ದಿನವೇ ಮಾಡಿ. ಗಾಯಕ್ಕೆ ಹಚ್ಚುವ ಪೊವಿಡೋನ್ ಅಯೋಡಿನ್ ಅಗ್ಗ ಅಂತ ತಂದರೆ ನೊರೆ ಬಂತು.

ಎಲ್ಲಕ್ಕಿಂತ ಜಾಸ್ತಿ ಆಟ ಆಡಿಸಿದ್ದು ಸಮಯ. ಸುಮಾರು ಎರಡು ಲೀಟರ್ ರಸಕ್ಕೆ ನನ್ನ ಲೆಕ್ಕ ಹೀಗೆ: 2 ಪರ್ಸೆಂಟ್ ಟಿಂಚರ್ 70 ಮಿಲಿ ಆಸುಪಾಸು, 3 ಪರ್ಸೆಂಟ್ ಪೆರಾಕ್ಸೈಡ್ 200 ಮಿಲಿ, ವಿಟಮಿನ್ ಸಿ ಒಂದೂಕಾಲು ಗ್ರಾಂ. ಈ ಕಾಲು ಗ್ರಾಮಿನಲ್ಲೇ ಇದೆ ಎಲ್ಲ. ನೂರು ಮಿಲಿಗ್ರಾಂ ಹೆಚ್ಚಾದರೆ ಅರ್ಧ ನಿಮಿಷ ಆಚೆ ಹೋಗುತ್ತದೆ. ಚಮಚದ ಅಳತೆಗೆ ಸಿಗುವ ವ್ಯವಹಾರ ಅಲ್ಲ ಇದು. ಐನೂರು ರೂಪಾಯಿ ಕೊಟ್ಟು ಪುಟ್ಟ ಡಿಜಿಟಲ್ ತಕ್ಕಡಿ ತಗೊಂಡೆ. ಟಿಂಚರ್ ಬಾಟಲಿ ಹಳೆಯದಾದರೂ ಲೆಕ್ಕ ತಪ್ಪುತ್ತದೆ, ಪ್ರತಿ ಸಲ ಹೊಸದನ್ನೇ ಒಡೆಯಿರಿ.

ಆಮೇಲೆ ಬಿಸಿ. ಹತ್ತು ಡಿಗ್ರಿ ಏರಿದರೆ ಹೆಚ್ಚುಕಮ್ಮಿ ಅರ್ಧ ಸಮಯಕ್ಕೇ ಕಪ್ಪಾಗುತ್ತದೆ. ಮಂಡ್ಯ ಹತ್ತಿರ ಶಾಲೆ ಬಯಲಿನಲ್ಲಿ ಜನವರಿ ರಾತ್ರಿ ಆಡಿದಾಗ ರಾಜನ ಮಾತು ಮುಗಿದು, ಪಾಪ, ಇದ್ದಬದ್ದ ಶಾಪವೆಲ್ಲ ಹಾಕಿ ನಿಂತ ಮೇಲೆ ರಸ ಕಪ್ಪಾಯಿತು. ಮೈಸೂರಿನ ಕಿರುರಂಗಮಂದಿರದ ಪ್ರದರ್ಶನಕ್ಕೆ ನೀರನ್ನು ಅಳತೆ ಬಿಸಿಗೆ ತಂದು ಥರ್ಮಾಸಿನಲ್ಲಿ ಒಯ್ದೆ. ಎಷ್ಟು ಡಿಗ್ರಿ ಅನ್ನೋದು ನನ್ನ ಹತ್ತಿರ ಇರಲಿ. ಸೆಟ್ಟಿಗೆ ಚೆಂದ ಅಂತ ತಾಮ್ರದ ಚೊಂಬು ತಂದಿದ್ದರು. ತಾಮ್ರ ವಿಟಮಿನ್ ಸಿಯನ್ನು ತಾನೇ ತಿಂದುಹಾಕುತ್ತದೆ. ಬೇಡವೇ ಬೇಡ. ಗಾಜಿನ ಪಾತ್ರೆಗೆ ತಾಮ್ರದ ಬಣ್ಣ ಹೊಡೆಯಿರಿ.

ಅಂದು ರಾಜ 'ನನ್ನ ಕಾಲ ನನ್ನದೇ' ಅಂದು ಬಾಯಿ ಮುಚ್ಚಿದ, ಜಾಡಿ ಕಪ್ಪಾಯಿತು. ಲೈಟಿನವನು ಕ್ಯೂ ಕೊಡುವುದನ್ನೇ ಮರೆತ.

ಕಪ್ಪಾದ ರಸಕ್ಕೆ ವಿಟಮಿನ್ ಸಿ ಪುಡಿ ಬಿದ್ದರೆ ಕ್ಷಣದಲ್ಲಿ ಮತ್ತೆ ತಿಳಿಯಾಗುತ್ತದೆ. ಮಂತ್ರಿ ಕೈ ಆಡಿಸಿ ರಾಜನಿಗೆ ಕಾಲ ಮರಳಿಸುವ ದೃಶ್ಯವನ್ನು ಇದರಿಂದಲೇ ಸೇರಿಸಿದೆವು. ಪುಡಿ ಅವನ ಕೈಗೆ ಎಲ್ಲಿಂದ ಬರುತ್ತದೆ ಅನ್ನೋದನ್ನು ಹೇಳಲ್ಲ. ಪೆರಾಕ್ಸೈಡ್ ಇನ್ನೂ ಉಳಿದಿರುತ್ತದಲ್ಲ, ಒಂದು ನಿಮಿಷದೊಳಗೆ ತಾನಾಗಿಯೇ ಇನ್ನೊಮ್ಮೆ ಕಪ್ಪಾಗುತ್ತದೆ. ರಾಜ ಕುಣಿಯುತ್ತಿದ್ದಾನೆ, ಅವನ ಬೆನ್ನ ಹಿಂದೆ ಜಾಡಿ ಕಪ್ಪು. ತಾಲೀಮಿನಲ್ಲಿ ಇದಾದಾಗ ನಾನು ಜಾಡಿ ಎತ್ತಲು ಓಡಿದೆ. ನಿರ್ದೇಶಕರು 'ಇರ್ಲಿ ಕಣಯ್ಯಾ, ಮುಟ್ಬೇಡ' ಅಂದರು. ನಾಟಕದ ಕೊನೆಯೇ ಬದಲಾಯಿತು.

ಸುಮ್ನೆ ಇರಲಾರದೆ ಕಪ್ಪು ರಸವನ್ನು ಪ್ರನಾಳದಲ್ಲಿ ಕಾಯಿಸಿಯೂ ನೋಡಿದೆ. ಬಿಸಿಗೆ ಬಣ್ಣ ಮಾಯ, ಆರಿದರೆ ವಾಪಸ್. ಮುಂದಿನ ನಾಟಕಕ್ಕೆ ಇಟ್ಟುಕೊಂಡಿದ್ದೇನೆ.

ಪ್ರಯೋಗಕ್ಕೆ ಕಳೆದದ್ದು ನಾಲ್ಕು ಸಾವಿರದ ಹತ್ತಿರ. ಈಗ ಒಂದು ಪ್ರದರ್ಶನಕ್ಕೆ ಮುನ್ನೂರು ರೂಪಾಯಿ ಒಳಗೆ ಮುಗಿಯುತ್ತದೆ. ವೇಷಕ್ಕೆ ಕಲೆಯಾದರೆ ಅದೇ ವಿಟಮಿನ್ ಸಿ ನೀರಲ್ಲಿ ಉಜ್ಜಿ, ಹೋಗುತ್ತದೆ. ಪಾತ್ರ ರಸ ಕುಡಿಯುವ ದೃಶ್ಯ ನಿಮ್ಮಲ್ಲಿದ್ದರೆ ಮಾತ್ರ ಇದು ಬೇಡ. ಅದಕ್ಕೆ ಬೇರೆ ಲೋಟ, ಬರೀ ನೀರು.