ಗುಡ್ಡದ ಬೆಂಕಿ ಹೊಲಕ್ಕೆ ಇಳಿಯದಂತೆ ಬೆಂಕಿ ರೇಖೆ ಮಾಡುವುದು ಹೇಗೆ?

ಚಿತ್ರದುರ್ಗದ ಜೋಗಿಮಟ್ಟಿ ಸುತ್ತ, ಜಗಳೂರಿನ ರಂಗಯ್ಯನದುರ್ಗದ ಕಡೆ ಜಮೀನಿದ್ದವರಿಗೆ ಫೆಬ್ರುವರಿ ಬಂತೆಂದರೆ ಒಂದು ಕಣ್ಣು ಗುಡ್ಡದ ಮೇಲೇ ಇರುತ್ತದೆ. ಬದುವಿನ ಪಕ್ಕ ಬೆಂಕಿ ರೇಖೆ, ಅಂದರೆ ಬೆಂಕಿ ದಾಟದಂತೆ ಹುಲ್ಲು ತೆಗೆದ ಬರಿ ನೆಲದ ಪಟ್ಟಿ, ಮಾಡಿಕೊಂಡವರೂ ಇದ್ದಾರೆ. ಆದರೂ ಬೆಂಕಿ ದಾಟಿ ಬಂದು ಡ್ರಿಪ್ ಪೈಪು, ಬಣವೆ ಸುಟ್ಟುಹೋಗುತ್ತವೆ. ನೋಡಿದರೆ ತಪ್ಪು ಹೆಚ್ಚಾಗಿ ಒಂದೇ. ಹುಲ್ಲು ಕೊಯ್ದಿರುತ್ತಾರೆ, ಎತ್ತಿರುವುದಿಲ್ಲ.

1. ಸಂಕ್ರಾಂತಿಯೊಳಗೆ ಕೆಲಸ ಮುಗಿಸಿ. ಆಮೇಲೆ ಗುಡ್ಡದಲ್ಲಿ ಬೆಳೆಯುವ ಬಾದೆ ಹುಲ್ಲು ಗರಿಗರಿ ಒಣಗಿರುತ್ತದೆ. ಕಳೆ ಕತ್ತರಿಸುವ ಯಂತ್ರದ ಬ್ಲೇಡು ಕಲ್ಲಿಗೆ ತಾಗಿ ಕಿಡಿ ಹಾರಿದರೂ ಸಾಕು.

2. ರೇಖೆ ನಿಮ್ಮ ಜಮೀನಿನೊಳಗೇ ಇರಲಿ. ಕಾಡಿನ ಕಡೆ ಕೈ ಹಾಕಬೇಡಿ, ಅದು ಅರಣ್ಯ ಇಲಾಖೆಯ ಕೆಲಸ. ಇಲಾಖೆಯ ರೇಖೆ ಎಲ್ಲಿ ಹಾದುಹೋಗಿದೆ ಎಂದು ಗಾರ್ಡ್ ಹತ್ತಿರ ಕೇಳಿಕೊಳ್ಳಿ.

3. ಅಗಲ ಹುಲ್ಲಿನ ಎತ್ತರದ ಮೂರು ಪಟ್ಟಾದರೂ ಬೇಕು. ಸೊಂಟದೆತ್ತರದ ಹುಲ್ಲಿದ್ದರೆ ಹತ್ತು ಅಡಿಗೆ ಕಡಿಮೆ ಬೇಡ. ನಿಮ್ಮ ಜಮೀನು ಏರಿನ ಮೇಲಿದ್ದರೆ ಇನ್ನೂ ಜಾಸ್ತಿ, ಏಕೆಂದರೆ ಬೆಂಕಿ ಏರು ಹತ್ತುವಾಗಲೇ ಜೋರು.

4. ಈಗ ಎಲ್ಲರೂ ಎಡವುವ ಜಾಗ. ಹುಲ್ಲನ್ನು ಬುಡಮಟ್ಟ ಕೊಯ್ಯಿರಿ. ಕೊಯ್ದದ್ದನ್ನು ಅಲ್ಲೇ ಬಿಟ್ಟರೆ ಎರಡೇ ದಿನದಲ್ಲಿ ಒಣಗುತ್ತದೆ, ಬೆಂಕಿಗೆ ನೀವೇ ಚಾಪೆ ಹಾಸಿಕೊಟ್ಟಂತೆ. ಕಾಡಿನ ಅಂಚಿಗೆ ರಾಶಿ ಹಾಕುವುದು ಇನ್ನೂ ಕೆಟ್ಟದ್ದು. ನಿಮ್ಮ ಕಡೆಗೆ ಎಳೆದು ತಂದು ಅಡಿಕೆ, ತೆಂಗಿನ ಬುಡಕ್ಕೆ ಹಾಕಿ, ಮೇಲೆ ಮಣ್ಣು ಮುಚ್ಚಿ. ಇಲ್ಲವೇ ತಿಪ್ಪೆಗೆ ಸೇರಿಸಿ. ಆಮೇಲೆ ಕೂಳೆಯೂ ಹೋಗುವಂತೆ ಎರಡು ಸಲ ಅಡ್ಡಡ್ಡ ಹರಗಿ. ಟ್ರ್ಯಾಕ್ಟರ್ ಹೋಗದ ಕಲ್ಲು ನೆಲದಲ್ಲಿ ಸಲಿಕೆಯೇ ಗತಿ. ಕೊನೆಗೆ ಮಣ್ಣು ಕಾಣಬೇಕು, ಬರೀ ಮಣ್ಣು. ಒಣ ಸಗಣಿ, ಅಡ್ಡ ಬಿದ್ದ ಕೊಂಬೆ, ಎರಡೂ ಕಡೆ ಚಾಚಿದ ಲಾಂಟಾನ ಬೇಲಿ, ಎಲ್ಲವೂ ಬೆಂಕಿಗೆ ಸೇತುವೆಗಳೇ. ಇಳಿಜಾರಿದ್ದರೆ ರೇಖೆಯ ಕೆಳಗಿನ ಅಂಚಿಗೆ ಒಂದು ಸಣ್ಣ ಚರಂಡಿ ತೋಡಿ. ಉರಿಯುವ ಕೊರಡು ಮೇಲಿಂದ ಉರುಳಿ ಬಂದರೆ ಅಲ್ಲೇ ನಿಲ್ಲುತ್ತದೆ.

ಸುಲಭ ಅಂತ ಕಳೆನಾಶಕ ಹೊಡೆಯುವವರಿಗೆ ಒಂದು ಮಾತು: ಹುಲ್ಲು ಸಾಯುತ್ತದೆ, ನಿಂತಲ್ಲೇ ಒಣಗುತ್ತದೆ. ದುಡ್ಡು ಕೊಟ್ಟು ಸೌದೆ ಮಾಡಿಕೊಂಡಂತಾಯಿತು, ಅಲ್ವಾ? ಕೊಯ್ದ ಹುಲ್ಲನ್ನೂ, ಮೆಕ್ಕೆಜೋಳದ ದಂಟನ್ನೂ ಸುಡುವ ಯೋಚನೆಯನ್ನಂತೂ ಬಿಟ್ಟೇಬಿಡಿ.

5. ಶಿವರಾತ್ರಿ ಹೊತ್ತಿಗೆ ರೇಖೆಯ ಮೇಲೆ ತರಗು ಬಿದ್ದಿರುತ್ತದೆ. ಮತ್ತೊಮ್ಮೆ ಗುಡಿಸಿ.

6. ಊರಿನವರು ಸೇರಿ ಒಂದು ಸಲ ಅಭ್ಯಾಸ ಮಾಡಿ. 112ಕ್ಕೆ ಯಾರು ಫೋನ್ ಮಾಡುವುದು, ಟ್ಯಾಂಕರ್ ಯಾರದ್ದು ಎಂದು ಮೊದಲೇ ಗೊತ್ತಿರಲಿ. ಹತ್ತಿ ಬಟ್ಟೆ, ಬೂಟು ಇರಲಿ. ಪಾಲಿಯೆಸ್ಟರ್ ಅಂಗಿ ಕರಗಿ ಮೈಗೆ ಅಂಟುತ್ತದೆ. ಬೆಂಕಿ ಆರಿಸುವಾಗ ಹಸಿ ಸೊಪ್ಪಿನ ಕೊಂಬೆಯನ್ನು ಎತ್ತಿ ಎತ್ತಿ ಬಡಿದರೆ ಕಿಡಿ ಹಾರುತ್ತದೆ. ಒತ್ತಿ ಹಿಡಿದು, ಸುಟ್ಟ ಜಾಗದ ಕಡೆಗೆ ಎಳೆಯಿರಿ. ಉರಿಯ ಮೇಲ್ಭಾಗದ ಏರಿನಲ್ಲಿ ಯಾರೂ ನಿಲ್ಲಬಾರದು. ಉರಿ ಎದೆಯೆತ್ತರಕ್ಕೆ ಬಂದರೆ ಸೊಪ್ಪು ಬಿಸಾಕಿ ಹೊರಗೆ ಬನ್ನಿ.

7. ಬೆಂಕಿ ಬಂದೇ ಬಿಟ್ಟಿತ್ತೆನ್ನಿ. ಬೂದಿ ತಣ್ಣಗಾದರೂ ಮರದ ಬೇರು ಒಳಗೊಳಗೇ ಉರಿಯುತ್ತಿರುತ್ತದೆ, ಮಕ್ಕಳನ್ನು ಬಿಡಬೇಡಿ. ಸುಟ್ಟದ್ದನ್ನು ತೆಗೆಯುವ ಮೊದಲು ಫೋಟೊ ತೆಗೆದು ಗ್ರಾಮ ಆಡಳಿತ ಅಧಿಕಾರಿಗೆ ತಿಳಿಸಿ. ಸುಟ್ಟ ಬದುವಿಗೆ ಮಳೆಗೆ ಮೊದಲೇ ಕಲ್ಲು, ಕೊಂಬೆಗಳನ್ನು ಇಳಿಜಾರಿಗೆ ಅಡ್ಡಲಾಗಿ ಜೋಡಿಸಿ, ಇಲ್ಲವಾದರೆ ಮೊದಲ ಮಳೆಗೇ ಮೇಲ್ಮಣ್ಣು ಹಳ್ಳ ಸೇರುತ್ತದೆ. ಬೇವು, ಹೊಂಗೆ ಕರಿದಾಗಿವೆ ಎಂದು ತಕ್ಷಣ ಕಡಿಯಬೇಡಿ. ಬುಡದಿಂದ ಚಿಗುರು ಬರುವ ಸಾಧ್ಯತೆ ಜಾಸ್ತಿ. ಒಂದು ಮಳೆಗಾಲ ಮುಗಿಯುವವರೆಗೆ ಅಲ್ಲಿಗೆ ಕುರಿ, ಮೇಕೆ ಬಿಡಬೇಡಿ ಎಂದು ಕುರಿ ಕಾಯುವವರಿಗೂ ಹೇಳಿ ಒಪ್ಪಿಸಿ.