ಸಿವಿಲ್ ಮೇಲ್ಮನವಿ ವಿಚಾರಣೆಗೆ ಮುನ್ನವೇ ವಜಾ ಆಗದಂತೆ ನೋಡಿಕೊಳ್ಳುವುದು ಹೇಗೆ?

ವರ್ಷಗಟ್ಟಲೆ ನಡೆದ ಜಮೀನಿನ ದಾವೆಯಲ್ಲಿ ಸೋತ ರೈತನೊಬ್ಬನ ಮೇಲ್ಮನವಿ, ಅವನ ಹಕ್ಕಿನ ಮಾತು ಯಾರ ಕಿವಿಗೂ ಬೀಳುವ ಮೊದಲೇ, ದಿನ ಮೀರಿತೆಂದೋ ವಾಯಿದೆಗೆ, ಅಂದರೆ ವಿಚಾರಣೆಗೆ ಗೊತ್ತುಪಡಿಸಿದ ದಿನಕ್ಕೆ, ಯಾರೂ ಬರಲಿಲ್ಲವೆಂದೋ ವಜಾ ಆಗುವುದು ತೀರಾ ನೋವಿನ ಸಂಗತಿ; ಅದರಲ್ಲಿ ಹೆಚ್ಚಿನದನ್ನು ತಪ್ಪಿಸಬಹುದು.

ಮೊದಲು ದಿನ ಎಣಿಸಿ. 1963ರ ಕಾಲಮಿತಿ ಅಧಿನಿಯಮದ ಪ್ರಕಾರ ಡಿಕ್ರಿಯ (ದಾವೆಯಲ್ಲಿ ನ್ಯಾಯಾಲಯ ಕೊಟ್ಟ ಅಂತಿಮ ನಿರ್ಣಯದ) ವಿರುದ್ಧ ಹೈಕೋರ್ಟಿಗೆ ಹೋಗಲು 90 ದಿನ, ಉಳಿದ ನ್ಯಾಯಾಲಯಗಳಿಗೆ 30 ದಿನ. ತೀರ್ಪಿನ ದಿನವನ್ನೂ ದೃಢೀಕೃತ ನಕಲು ಪಡೆಯಲು ತಗಲುವ ಅವಧಿಯನ್ನೂ 12ನೇ ಕಲಂ ಲೆಕ್ಕದಿಂದ ಬಿಡುತ್ತದೆ. ನಕಲಿನ ಕೊನೆಯ ಪುಟದಲ್ಲಿರುವ ಮೊಹರನ್ನು ಗಮನವಿಟ್ಟು ಓದಿ: ಅರ್ಜಿ ಕೊಟ್ಟ ದಿನ, ನಕಲು ಸಿದ್ಧವಾದ ದಿನ, ಕೈಗೆ ಕೊಟ್ಟ ದಿನ ಅಲ್ಲಿ ಬೇರೆ ಬೇರೆಯಾಗಿ ನಮೂದಾಗಿರುತ್ತವೆ. ಮಾರ್ಚ್ 4ರಂದು ತೀರ್ಪಾಗಿ, 11ರಂದು ಅರ್ಜಿ ಕೊಟ್ಟು, 25ರಂದು ನಕಲು ಸಿದ್ಧವಾಗಿದ್ದರೆ 15 ದಿನ ಬಿಟ್ಟುಹೋಗಿ, 30 ದಿನದ ಗಡುವು ಏಪ್ರಿಲ್ 3ರ ಬದಲು 18ಕ್ಕೆ ಮುಗಿಯುತ್ತದೆ. ಸಿದ್ಧವಾದ ನಕಲನ್ನು ನೀವು ಏಪ್ರಿಲ್ 8ರಂದು ತೆಗೆದುಕೊಂಡರೆ ಆ ನಡುವಿನ ದಿನಗಳು ನಿಮ್ಮ ಲೆಕ್ಕಕ್ಕೇ ಸೇರುತ್ತವೆ. ಅನೇಕರು ಎಡವುವುದು ಇಲ್ಲಿಯೇ.

ಗಡುವು ಮೀರಿದ್ದರೆ ಮೇಲ್ಮನವಿಯ ಜೊತೆಯಲ್ಲೇ ವಿಳಂಬ ಮನ್ನಾ ಅರ್ಜಿ ಮತ್ತು ಪ್ರಮಾಣಪತ್ರ (ಅಫಿಡವಿಟ್) ಇರಬೇಕೆಂದು ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 3ಎ ನಿಯಮ ಹೇಳುತ್ತದೆ. "ಅನಾರೋಗ್ಯದಿಂದ ತಡವಾಯಿತು" ಎಂಬ ಒಂದೇ ಸಾಲು ಸಾಲದು. ಯಾವ ಆಸ್ಪತ್ರೆ, ಯಾವ ದಿನದಿಂದ ಯಾವ ದಿನದವರೆಗೆ, ದಾಖಲೆ ಏನು ಎಂಬುದನ್ನು ಬರೆಯಿರಿ. ವಿಳಂಬದ ಪ್ರಶ್ನೆಯನ್ನು ಅತಿ ಬಿಗಿಯಾಗಿ ನೋಡಬಾರದೆಂದು 1987ರ ಅನಂತನಾಗ್ ಭೂಸ್ವಾಧೀನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ ನಿಜ, ಆದರೆ ಆ ಔದಾರ್ಯ ಸಿಗುವುದು ನಿಜವಾದ ಕಾರಣ ತೋರಿಸಿದವರಿಗೆ.

ಕೋರ್ಟ್ ಫೀ ಕಡಿಮೆಯಾಗಿದ್ದರೆ ಅದೇ ಸಂಹಿತೆಯ 149ನೇ ಕಲಂನಡಿ ಸಮಯ ಕೇಳಬಹುದು. ನಿಮ್ಮ ಕಾಗದಪತ್ರಗಳಲ್ಲಿನ ಕೊರತೆಯ ಬಗ್ಗೆ ನ್ಯಾಯಾಲಯದ ಕಚೇರಿ ಎತ್ತುವ ಆಕ್ಷೇಪಣೆಗಳನ್ನು ಕೊಟ್ಟ ಅವಧಿಯೊಳಗೇ ಸರಿಪಡಿಸಿ.

ವಿಚಾರಣೆಯ ದಿನ ಮೇಲ್ಮನವಿದಾರರಾಗಲಿ ಅವರ ವಕೀಲರಾಗಲಿ ಹಾಜರಾಗದಿದ್ದರೆ 41ನೇ ಆದೇಶದ 17ನೇ ನಿಯಮದಡಿ ಮೇಲ್ಮನವಿ ವಜಾ ಆಗಬಹುದು, ಆದರೆ ಗೈರುಹಾಜರಿಯ ಕಾರಣಕ್ಕೆ ಅದನ್ನು ಗುಣದೋಷದ ಮೇಲೆ, ಅಂದರೆ ಹಕ್ಕು ಯಾರದೆಂಬುದನ್ನು ತೂಗಿ, ತೀರ್ಮಾನಿಸುವಂತಿಲ್ಲ. ಹಾಗೆ ವಜಾ ಆದ 30 ದಿನದೊಳಗೆ, ಸಕಾರಣ ತೋರಿಸಿ, ಅದೇ ಆದೇಶದ 19ನೇ ನಿಯಮದಡಿ ಪುನಃ ದಾಖಲಿಸಿಕೊಳ್ಳುವಂತೆ ಅರ್ಜಿ ಹಾಕಿ. ಅದನ್ನು ನಿರಾಕರಿಸಿದರೆ ಆ ಆದೇಶದ ವಿರುದ್ಧವೂ 43ನೇ ಆದೇಶದಡಿ ಮೇಲ್ಮನವಿಗೆ ಅವಕಾಶವಿದೆ.

ಎದುರುದಾರರು ತೀರಿಕೊಂಡರೆ 90 ದಿನದೊಳಗೆ ಅವರ ವಾರಸುದಾರರನ್ನು ಸೇರಿಸಲು ಅರ್ಜಿ ಕೊಡಬೇಕು. ಇಲ್ಲದಿದ್ದರೆ ಅವರ ಮಟ್ಟಿಗೆ ಮೇಲ್ಮನವಿ ತಾನಾಗಿಯೇ ಕೊನೆಗೊಳ್ಳುತ್ತದೆ, ಅದನ್ನು ರದ್ದುಪಡಿಸುವಂತೆ ಕೋರಲು ಮುಂದೆ ಉಳಿಯುವುದು 60 ದಿನ. ಹಾಗಾಗಿ ಪ್ರತಿ ವಾಯಿದೆಗೂ ಮುನ್ನ ಎದುರು ಪಕ್ಷದವರ ಯೋಗಕ್ಷೇಮವನ್ನು ಊರಿನಲ್ಲಿ ವಿಚಾರಿಸಿ, ತಿಳಿದದ್ದನ್ನು ಅಂದೇ ನಿಮ್ಮ ವಕೀಲರಿಗೆ ತಿಳಿಸಿ.