ಕರೆದವರು ಸುಮ್ಮನಿದ್ದಾಗ ಎಲೆ ಲೆಕ್ಕ ಹಿಡಿಯುವುದು ಹೇಗೆ?

ಮದುವೆಗೆ ಇನ್ನು ಹತ್ತೇ ದಿನ. ಅಡುಗೆ ಕಂಟ್ರಾಕ್ಟರ್ ಫೋನ್ ಮಾಡುತ್ತಾರೆ. "ಎಷ್ಟು ಎಲೆ ಅಂತ ಹೇಳ್ಬಿಡಿ ಅಮ್ಮ, ಸಾಮಾನು ತರಿಸ್ಬೇಕು." ಪತ್ರಿಕೆ ಹಂಚಿ ತಿಂಗಳಾಗುತ್ತಾ ಬಂತು. ಬರ್ತೀವಿ ಅಂತ ಬಾಯಿಬಿಟ್ಟು ಹೇಳಿದವರು ಅರ್ಧದಷ್ಟೂ ಇಲ್ಲ. ಉಳಿದವರಿಂದ ಸದ್ದೇ ಇಲ್ಲ. ಹೋದ ವರ್ಷ ನಮ್ಮ ಅಕ್ಕನ ಮಗಳ ಮದುವೆ ಬೆಂಗಳೂರಿನಲ್ಲಿ ಆಯಿತು. ಈ ಲೆಕ್ಕದ ಪುಸ್ತಕ ನನ್ನ ಕೈಯಲ್ಲೇ ಇತ್ತು. ಆಗ ಕಲಿತದ್ದನ್ನು ಇಲ್ಲಿ ಹೇಳುತ್ತಿದ್ದೇನೆ.

ಮೊದಲು ಒಂದು ಮಾತು. ಸುಮ್ಮನಿರುವವರ ಮೇಲೆ ಬೇಜಾರು ಮಾಡಿಕೊಳ್ಳಬೇಡಿ. ಮದುವೆ ಕರೆಗೆ ಉತ್ತರ ಕೊಡುವ ರೂಢಿಯೇ ನಮ್ಮಲ್ಲಿಲ್ಲ. ಅಮೆರಿಕದಲ್ಲಿರುವ ನಮ್ಮ ಮಕ್ಕಳ ಸ್ನೇಹಿತರ ಮದುವೆಗಳಲ್ಲಿ ಇಂಥ ದಿನದೊಳಗೆ ತಿಳಿಸಿ ಅಂತ ಕಾರ್ಡಿನಲ್ಲೇ ಇರುತ್ತದೆ. ನಮ್ಮ ಲಗ್ನಪತ್ರಿಕೆಯ ಕೊನೆಯಲ್ಲಿ ಇರುವುದು 'ಸುಖಾಗಮನ ಬಯಸುವವರು' ಅಂತ ಒಂದಷ್ಟು ಹೆಸರು. ಮೇಲೆ 'ಸಕುಟುಂಬ ಸಮೇತ' ಬನ್ನಿ ಅಂತ ನಾವೇ ಬರೆಸಿರುತ್ತೇವೆ. ಆ ಕುಟುಂಬದಲ್ಲಿ ಇಬ್ಬರೋ, ಎಂಟು ಜನವೋ? ಅದನ್ನು ತಿಳಿದುಕೊಳ್ಳುವ ಕೆಲಸ ಕರೆದವರದ್ದೇ. ಇನ್ನೊಂದು, ಶುಭಕಾರ್ಯಕ್ಕೆ ಕರೆದಾಗ 'ಬರಲ್ಲ' ಅನ್ನಲು ನಮ್ಮ ಜನಕ್ಕೆ ಬಾಯಿ ಬರುವುದಿಲ್ಲ. ಅದಕ್ಕೇ 'ನೋಡೋಣ' ಅನ್ನುತ್ತಾರೆ, ಇಲ್ಲವೇ ಸುಮ್ಮನಾಗುತ್ತಾರೆ.

ಪುಸ್ತಕ ಮಾಡಿ, ಹೊತ್ತಿನ ಲೆಕ್ಕ ಹಾಕಿ

ಒಂದು ಉದ್ದ ನೋಟ್‌ಬುಕ್ ಸಾಕು. ಸಾಲಿಗೊಂದು ಮನೆ ಬರೆಯಿರಿ. ಪಕ್ಕದಲ್ಲಿ ಎಷ್ಟು ಜನ, ಯಾವ ಹೊತ್ತಿನ ಊಟಕ್ಕೆ ಅಂತ ಕಾಲಂ ಎಳೆಯಿರಿ. ಬೆಂಗಳೂರು, ಮೈಸೂರಿನ ಕಡೆ ಸಾಮಾನ್ಯವಾಗಿ ಹಿಂದಿನ ದಿನ ಸಂಜೆ ಆರತಕ್ಷತೆ, ಮರುದಿನ ಬೆಳಿಗ್ಗೆ ಮುಹೂರ್ತ. ಆಫೀಸಿನವರು, ನೆರೆಹೊರೆಯವರು ಹೆಚ್ಚಾಗಿ ರಿಸೆಪ್ಷನ್‌ಗೆ ಬಂದು ಹೋಗುತ್ತಾರೆ. ಊರಿನ ನೆಂಟರು ಧಾರೆಗೆ ಇರುತ್ತಾರೆ. ಬೆಳಗಿನ ತಿಂಡಿಗೆ ಛತ್ರದಲ್ಲಿ ಉಳಿದವರು ಮಾತ್ರ. 'ಒಟ್ಟು ಐನೂರು ಜನ' ಅಂತ ಒಂದೇ ಸಂಖ್ಯೆ ಹೇಳಿದರೆ ರಾತ್ರಿ ಸಾಲದೆ ಹೋಗಬಹುದು, ಮರುದಿನ ಮಧ್ಯಾಹ್ನ ಬುಟ್ಟಿಗಟ್ಟಲೆ ಉಳಿಯಬಹುದು.

ಮನೆಯಲ್ಲಿ ಹಿಂದೆ ಮದುವೆಯಾಗಿದ್ದರೆ ಆಗಿನ ಮುಯ್ಯಿ ಪುಸ್ತಕ ಹುಡುಕಿ ತೆಗೆಯಿರಿ. ನಮಗೆ ಅತಿ ಜಾಸ್ತಿ ಉಪಯೋಗಕ್ಕೆ ಬಂದದ್ದು ಅದೇ. ಕಳೆದ ಸಲ ನಿಜವಾಗಿ ಬಂದವರು ಯಾರು ಅಂತ ಅದರಲ್ಲಿ ಗೊತ್ತಾಗುತ್ತದೆ. ನೀವು ಯಾರ ಮನೆಯ ಮದುವೆಗೆ ಹೋಗಿದ್ದಿರೋ ಅವರು ಮಾತಾಡದಿದ್ದರೂ ಬರುವುದೇ ಹೆಚ್ಚು.

ಬರ್ತೀರಾ ಅಂತ ಕೇಳಬೇಡಿ

ಮದುವೆಗೆ ಹದಿನೈದು ದಿನ ಇರುವಾಗ ಫೋನ್ ಶುರು ಮಾಡಿ. ಸುಮ್ಮನಿರುವ ಮನೆಗಳನ್ನು ಹಂಚಿಕೊಳ್ಳಿ. ಅಪ್ಪನ ಕಡೆಯವರಿಗೆ ಅಪ್ಪ ಅಥವಾ ಅತ್ತೆ, ಅಮ್ಮನ ಕಡೆಯವರಿಗೆ ಸೋದರಮಾವ, ಸ್ನೇಹಿತರಿಗೆ ಮದುಮಗಳೇ. ಹಿರಿಯರಿಗೆ ಮೆಸೇಜ್ ಬೇಡ, ಮಾತೇ ಆಗಬೇಕು. ವಾಟ್ಸಾಪ್‌ನಲ್ಲಿ ನೀಲಿ ಗುರುತು ಬಂದರೆ ಅವರು ಕಾರ್ಡು ನೋಡಿದ್ದಾರೆ, ಅಷ್ಟೇ.

'ಬರ್ತೀರಾ, ಇಲ್ವಾ' ಅಂತ ಕೇಳಿದರೆ ಎದುರಿಗಿದ್ದವರಿಗೆ ಚುಚ್ಚಿದ ಹಾಗೆ. ಬಂದೇ ಬರುತ್ತಾರೆ ಅನ್ನುವ ಹಾಗೆ ಮಾತಾಡಿ, ಸಂಖ್ಯೆ ತಾನಾಗಿ ಹೊರಬರುವಂಥ ಪ್ರಶ್ನೆ ಹಾಕಿ. ಈ ಕೆಳಗಿನವು ನಮಗೆ ಚೆನ್ನಾಗಿ ಕೆಲಸ ಮಾಡಿದವು.

"ಅತ್ತೆ, ಹಿಂದಿನ ದಿನವೇ ಬರ್ತೀರೋ, ಮುಹೂರ್ತದ ಹೊತ್ತಿಗೋ? ರೂಮಿಗೆ ಹೇಳ್ಬೇಕು."

"ಊರಿಂದ ಬಸ್ಸು ಮಾಡಿದ್ದೀವಿ ದೊಡ್ಡಪ್ಪ, ನಿಮ್ಮ ಮನೆಗೆ ಎಷ್ಟು ಸೀಟು ಇಡಿಸ್ಲಿ?"

ಬಸ್ಸಿನ ಪ್ರಶ್ನೆಗೆ ಉತ್ತರ ಕೊಡದವರು ಕಡಿಮೆ. ಬರಲಾಗದವರಿಗೂ ಅದು ಸುಲಭ. "ಬೇಡ ಕಣಪ್ಪ, ಅವತ್ತೇ ನಮ್ಮ ಮಾವನ ಮನೇಲೂ ಮದುವೆ" ಅಂತ ಹೇಳಲು ದಾರಿ ಸಿಗುತ್ತದೆ. ವೈಶಾಖದಲ್ಲಿ ಒಂದೇ ದಿನ ಮೂರು ಮದುವೆ ಬೀಳುವುದು ಹೊಸದಲ್ಲ. ಅಂಥ ಮನೆಯಿಂದ ಒಬ್ಬರು ಬಂದು ಅಕ್ಷತೆ ಹಾಕಿ ಹೋಗುತ್ತಾರೆ ಅಂತ ಬರೆದುಕೊಳ್ಳಿ.

ಸ್ನೇಹಿತರ ಗುಂಪಿಗೆ ಒಂದೇ ಸಾಲು ಸಾಕು: "ಶನಿವಾರ ರಾತ್ರಿಗಾ, ಭಾನುವಾರ ಬೆಳಿಗ್ಗೆಗಾ? ಎಷ್ಟು ಜನ?" ಗುಂಪಿನಲ್ಲಿ ಕೇಳಿದರೆ ಎಲ್ಲರೂ ಒಬ್ಬರನ್ನೊಬ್ಬರು ನೋಡುತ್ತಾ ಕೂರುತ್ತಾರೆ. ಒಬ್ಬೊಬ್ಬರಿಗೇ ಕಳಿಸಿ.

ಸುಮ್ಮನಿರುವುದು ಬೇಸರದಿಂದಲೂ ಇರಬಹುದು

ತಿಪಟೂರಿನ ಚಿಕ್ಕಮ್ಮನಿಗೆ ನಾನೇ ಫೋನ್ ಮಾಡಿದ್ದೆ. "ಚಿಕ್ಕಮ್ಮ, ಎಷ್ಟು ಹೊತ್ತಿಗೆ ಬರ್ತೀರಿ?" ಅಂದೆ. ಸ್ವಲ್ಪ ಹೊತ್ತು ಮಾತಿಲ್ಲ. ಆಮೇಲೆ, "ಕಾರ್ಡು ಮೊಬೈಲಿಗೆ ಬಂದಿತ್ತು ಕಣೆ. ನೋಡ್ದೆ" ಅಂದರು. ಅಷ್ಟೇ. ಮನೆಗೆ ಹೋಗಿ ಕರೆಯಬೇಕಿದ್ದವರಿಗೆ ನಾವು ಮೊಬೈಲಿಗೆ ಕಾರ್ಡು ಕಳಿಸಿ ಸುಮ್ಮನಾಗಿದ್ದೆವು. ಅದು ನಮ್ಮದೇ ತಪ್ಪು.

ಮರುದಿನವೇ ಅಕ್ಕ, ಭಾವ ತಿಪಟೂರಿಗೆ ಹೊರಟರು. ಮೂಲೆಗಳಿಗೆ ಅರಿಶಿನ ಹಚ್ಚಿದ ಪತ್ರಿಕೆ, ಎಲೆ ಅಡಿಕೆ, ಒಂದು ಮೊಳ ಮಲ್ಲಿಗೆ. ಚಿಕ್ಕಮ್ಮ ಪತ್ರಿಕೆ ತಗೊಂಡು ದೇವರ ಮುಂದಿಟ್ಟು, ಕಾಫಿಗೆ ನೀರಿಡಲು ಒಳಗೆ ಹೋದರಂತೆ. ಒಳಗಿನಿಂದಲೇ ಕೇಳಿತಂತೆ: "ಒಂಬತ್ತು ಜನ ಬರ್ತೀವಿ, ಹಿಂದಿನ ದಿನವೇ."

ಹಾಗಾಗಿ ಫೋನ್ ಮಾಡುವ ಮೊದಲು ಪಟ್ಟಿ ನೋಡಿ. ಮನೆಗೆ ಹೋಗಿ ಅರಿಶಿನ ಕುಂಕುಮ ಕೊಟ್ಟು ಕರೆಯಬೇಕಾದವರು ಯಾರಾದರೂ ಬಿಟ್ಟುಹೋಗಿದ್ದಾರಾ? ಮೊದಲು ಅಲ್ಲಿಗೆ ಹೋಗಿ. ದೂರದ ಊರಾದರೆ ಮನೆಯ ಹಿರಿಯರೊಬ್ಬರಿಂದ ವಿಡಿಯೊ ಕಾಲ್ ಮಾಡಿಸಿ, ಬರಲಾಗದ ಕಾರಣ ಹೇಳಿ ಬಾಯ್ತುಂಬ ಕರೆಯಲಿ.

ಬೀಗರ ಕಡೆಯ ಸಂಖ್ಯೆ ನಾಜೂಕಿನ ವಿಷಯ. ಮದುವೆ ಮಾತುಕತೆಯಲ್ಲಿ ಮಧ್ಯೆ ಇದ್ದವರು ಯಾರೋ, ಅವರೇ ಕೇಳಲಿ. ಎಷ್ಟು ಬಸ್ಸು, ಎಷ್ಟು ಕಾರು ಅಂತ ಕೇಳಿದರೆ ಸಾಕು.

ಕೊನೆಗೂ ಮಾತಾಡದವರಿಗೆ ಲೆಕ್ಕ ಹೀಗೆ

ಎರಡು ಸಲ ಫೋನ್ ಮಾಡಿ, ಒಂದು ಮೆಸೇಜ್ ಹಾಕಿದ ಮೇಲೂ ಉತ್ತರವಿಲ್ಲ ಅಂದರೆ ಅವರನ್ನು ಬಿಟ್ಟುಬಿಡಿ. ನಾಲ್ಕನೆಯ ಸಲ ಕೇಳಿದರೆ ಅವರಿಗೂ ಮುಜುಗರ, ನಮಗೂ ಮುಜುಗರ. ಆದರೆ ಪಟ್ಟಿಯಿಂದ ಹೊಡೆದು ಹಾಕಬೇಡಿ.

ಒಂದು ಉದಾಹರಣೆ. ಆರತಕ್ಷತೆಯ ರಾತ್ರಿಗೆ 210 ಮನೆ ಕರೆದಿದ್ದೀರಿ. 118 ಮನೆಯವರು ಹೂಂ ಅಂದಿದ್ದಾರೆ, ಅವರೆಲ್ಲ ಸೇರಿ 372 ಜನ. 31 ಮನೆಯವರು ಬರಲಾಗಲ್ಲ ಅಂದರು. ಉಳಿದ 61 ಮನೆ ಸುಮ್ಮನಿದೆ. ಅದರಲ್ಲಿ ಅದೇ ಊರಿನವರು 26 ಮನೆ: ಮನೆಗೆ ಇಬ್ಬರಂತೆ 52. ಹೊರಊರಿನ 20 ಮನೆ: ಅರ್ಧ ಬರುತ್ತಾರೆ ಅಂದುಕೊಂಡು ಹತ್ತು ಮನೆಗೆ ಮೂರರಂತೆ 30. ಆಫೀಸಿನವರು 15: ತಲಾ ಒಬ್ಬರು. ಒಟ್ಟು 97. ಎರಡೂ ಸೇರಿ 469. ಇದಕ್ಕೆ ವಾದ್ಯದವರು, ಫೋಟೊದವರು, ಡ್ರೈವರ್‌ಗಳು, ಛತ್ರದ ಕೆಲಸದವರು ಅಂತ ಒಂದು ಮೂವತ್ತು ಸೇರಿಸಿ. ಇವರನ್ನು ಬಹಳ ಮನೆಗಳಲ್ಲಿ ಮರೆಯುತ್ತಾರೆ. ದುಡಿದವರು ಹಸಿದು ಹೋಗಬಾರದು, ಅಲ್ವಾ? ಸುಮಾರು ಐನೂರು ಆಯಿತು.

ಕಂಟ್ರಾಕ್ಟರ್‌ಗೆ ಐನೂರು ಅಂತ ಒಂದೇ ಮಾತು ಹೇಳಬೇಡಿ. "450 ಎಲೆ ಖಚಿತ, ಇನ್ನು 50ಕ್ಕೆ ಸಾಮಾನು ಇರಲಿ, ಬಡಿಸಿದರೆ ಮಾತ್ರ ದುಡ್ಡು" ಅಂತ ಮೊದಲೇ ಮಾತಾಡಿ, ಬರೆಸಿಕೊಳ್ಳಿ. ಹೋಳಿಗೆ, ಚಿರೋಟಿ, ಜಾಮೂನು ಎಣಿಸಿ ಮಾಡುವಂಥವು, ಅವನ್ನು ಐನೂರಕ್ಕೇ ಮಾಡಿಸಿ. ಅನ್ನ ಹಾಗಲ್ಲ. ಎರಡನೇ ಪಂಕ್ತಿ ಕೂತ ಮೇಲೆ ಕೊನೆಯ ಹಂಡೆಗೆ ಅಕ್ಕಿ ಹಾಕಿದರೂ ನಡೆಯುತ್ತದೆ.

'ಸಾಲದೆ ಬಂದರೆ ಮರ್ಯಾದೆ ಹೋಗುತ್ತೆ' ಅಂತ ಸುಮ್ನೆ ಇನ್ನೂ ಇನ್ನೂರು ಸೇರಿಸುವವರಿದ್ದಾರೆ. ಬೆಂಗಳೂರು ಕೃಷಿ ವಿಶ್ವವಿದ್ಯಾಲಯದವರು ನಗರದ ಕಲ್ಯಾಣ ಮಂಟಪಗಳಲ್ಲಿ ಸಮೀಕ್ಷೆ ಮಾಡಿ 2012ರಲ್ಲಿ ಹೇಳಿದ ಲೆಕ್ಕದಲ್ಲಿ, ಬೆಂಗಳೂರಿನ ಮದುವೆಗಳಲ್ಲೇ ವರ್ಷಕ್ಕೆ 943 ಟನ್ ಒಳ್ಳೆಯ ಊಟ ಹಾಳಾಗುತ್ತಿತ್ತು. ಅದನ್ನು ಓದಿದಾಗ ನನಗೆ ಹೊಟ್ಟೆ ಉರಿದಿತ್ತು. ಉಳಿದರೆ ಒಯ್ದು ಹಂಚುವ ರಾಬಿನ್ ಹುಡ್ ಆರ್ಮಿಯಂಥ ಸ್ವಯಂಸೇವಕರಿಗೆ, ಇಲ್ಲವೇ ಹತ್ತಿರದ ಅನಾಥಾಶ್ರಮಕ್ಕೆ ಹಿಂದಿನ ದಿನವೇ ಹೇಳಿಡಿ. ಊಟ ತಣ್ಣಗಾದ ಮೇಲೆ ನಂಬರ್ ಹುಡುಕಿದರೆ ಪ್ರಯೋಜನವಿಲ್ಲ.

ಮದುವೆ ದಿನ

ಊಟದ ಹಾಲ್‌ನಲ್ಲಿ ಮನೆಯವರೊಬ್ಬರು ನಿಲ್ಲಲಿ. ಪಂಕ್ತಿ ಎದ್ದಾಗಲೆಲ್ಲ ಎಲೆ ಎಣಿಸಿ ಬರೆದುಕೊಳ್ಳಲಿ. ಬಫೆ ಆದರೆ ತಟ್ಟೆ ಎಣಿಕೆ. ಕಂಟ್ರಾಕ್ಟರ್ ಬಿಲ್ ತಂದಾಗ ಮಾತಿಗೆ ಮಾತು ಬೆಳೆಯುವುದಿಲ್ಲ.

ಏನೂ ಹೇಳದೆ ಆರು ಜನ ಬಂದಿಳಿದರೆ ಬಾಗಿಲಲ್ಲಿ ನಿಂತವರ ಮುಖದಲ್ಲಿ ಲೆಕ್ಕ ಕಾಣಬಾರದು. ಪನ್ನೀರು ಚಿಮುಕಿಸಿ, ಒಳಗೆ ಕರೆದು, ತಿಂಡಿ ಆಯ್ತಾ ಅಂತ ಕೇಳಿ. ಬರ್ತೀವಿ ಅಂದು ಬಾರದವರಿಗೆ ವಾರ ಕಳೆದ ಮೇಲೆ ಒಂದು ಫೋನ್ ಮಾಡಿ. ಮನೆಯಲ್ಲಿ ಯಾರಿಗಾದರೂ ಹುಷಾರಿಲ್ಲದೆ ಇದ್ದಿರಬಹುದು. ತಾಂಬೂಲದ ಚೀಲ ಉಳಿದಿದ್ದರೆ ಆ ಕಡೆ ಹೋಗುವವರ ಕೈಯಲ್ಲಿ ಕಳಿಸಿ. ನೋಟ್‌ಬುಕ್ಕಿನಲ್ಲಿ ಬಂದವರ ಹೆಸರಿನ ಮುಂದೆ ಎಷ್ಟು ಜನ ಅಂತ ಬರೆದು, ಮುಯ್ಯಿ ಪುಸ್ತಕದ ಜೊತೆ ಕಟ್ಟಿ ಬೀರುವಿನಲ್ಲಿಡಿ. ನಮ್ಮಕ್ಕನಿಗೆ ಇನ್ನೊಬ್ಬ ಮಗಳಿದ್ದಾಳೆ.